ಮಾರಪ್ಪನ ಮಾತಿಲ್ಲದ ಸಿನಿಮಾ

ಮದುವೆ ವಿಡಿಯೋ ಮಾಡಿಸಲು ಬರುವ ಹುಡುಗರು, ‘ಅಣ್ಣ, ನನ್ನನ್ನ ಸ್ವಲ್ಪ ಹೀರೋ ತರ ತೋರ್ಸಿ’ ಎಂದಾಗಲೆಲ್ಲ ನನಗೆ ಮೈ ಉರಿಯುತ್ತದೆ. ಪಾಪ, ಅವರ ತಪ್ಪೇನೂ ಇಲ್ಲ. ಕಪ್ಪು ಕನ್ನಡಕ ಹಾಕಿಸಿ, ಬೈಕಿನ ಮೇಲೆ ಕೂರಿಸಿ, ಬೇಕಾದ ಹಾಗೆ ತೆಗೆದು ಕಳಿಸುತ್ತೇನೆ. ಅವರು ಹೋದ ಮೇಲೆ ಅರ್ಧ ಗಂಟೆ ಯಾರ ಹತ್ತಿರವೂ ನೆಟ್ಟಗೆ ಮಾತಾಡುವುದಿಲ್ಲ. ನನ್ನ ಹೆಂಡತಿ ಭವ್ಯ ಇದಕ್ಕೆ ‘ಮಾರಪ್ಪನ ಜ್ವರ’ ಎಂದು ಹೆಸರಿಟ್ಟಿದ್ದಾಳೆ.

ನಾನು ಧರ್ಮೇಶ್. ಎನ್.ಆರ್.ಪುರದಲ್ಲಿ ಬಸ್ ಸ್ಟ್ಯಾಂಡಿನ ಎದುರು, ಮಹಡಿಯ ಮೇಲೆ ನನ್ನ ಸ್ಟುಡಿಯೋ. ಹೀರೋ ಅಂದರೆ ಯಾರು ಎಂದು ಕೇಳುವ ಒಂದು ಸಿನಿಮಾದಲ್ಲಿ ನಾನೂ ಕೆಲಸ ಮಾಡಿದ್ದೇನೆ. ಹದಿನಾಲ್ಕು ನಿಮಿಷದ ಸಿನಿಮಾ. ಅದರಲ್ಲಿ ಇದ್ದವನು ಮಾರಪ್ಪ ಒಬ್ಬನೇ. ಅವನು ತೀರಿಕೊಂಡು ಕೆಲವು ತಿಂಗಳಾಯಿತು. ನಾನು ಬರೆಯದಿದ್ದರೆ ಅವನ ಬಗ್ಗೆ ಬೇರೆ ಯಾರೂ ಬರೆಯುವುದಿಲ್ಲ ಎಂದು ಗೊತ್ತಿರುವುದರಿಂದ, ಮತ್ತು ಅವನಿಗೆ ನಾನು ಮಾಡಿದ್ದು ಸಣ್ಣ ಅನ್ಯಾಯವಲ್ಲ ಎಂಬುದೂ ಗೊತ್ತಿರುವುದರಿಂದ, ಬರೆಯಲು ಕೂತಿದ್ದೇನೆ.

ಮಾರಪ್ಪ ಭದ್ರಾ ಹಿನ್ನೀರಿನಲ್ಲಿ ಮೀನು ಹಿಡಿಯುತ್ತಿದ್ದ. ಅವನ ಅಪ್ಪ ಅದೇ ನೀರಿನಲ್ಲಿ ದೋಣಿ ನಡೆಸಿದವನು. ಆದರೆ ಮೀನಿನ ಮಾರಪ್ಪ ಎಂದರೆ ಯಾರಿಗೂ ಗುರುತು ಸಿಗುತ್ತಿರಲಿಲ್ಲ. ಹೆಣ ತೆಗೆಯುವ ಮಾರಪ್ಪ ಎನ್ನಬೇಕು. ಬಾಳೆಹೊನ್ನೂರಿನ ಹತ್ತಿರ ಭದ್ರೆಯಲ್ಲಿ ಯಾರಾದರೂ ಬಿದ್ದರೂ, ಕೊಪ್ಪದ ಕಡೆ ಕೆರೆಯಲ್ಲಿ ಮುಳುಗಿದರೂ, ಮೆಣಸೆಯ ಹತ್ತಿರ ತುಂಗೆಯಲ್ಲಿ ಕೊಚ್ಚಿಕೊಂಡು ಹೋದರೂ ಪೊಲೀಸ್ ಜೀಪು ಬರುತ್ತಿದ್ದುದು ಅವನ ಮನೆಗೆ. ಅವನು ಉಟ್ಟ ಲುಂಗಿಯಲ್ಲೇ ಜೀಪು ಹತ್ತುತ್ತಿದ್ದ. ಕೆಲಸವಾದ ಮೇಲೆ ಸತ್ತವರ ಮನೆಯವರು ಒಂದು ಹೊಸ ಪಂಚೆ, ಒಂದು ತೆಂಗಿನಕಾಯಿ ಕೊಡುವುದು ವಾಡಿಕೆ. ಪಂಚೆಯನ್ನು ಅಲ್ಲೇ ಉಟ್ಟುಕೊಂಡು ಬರುತ್ತಿದ್ದ. ಮನೆಯ ಹೊರಗೆ ಸೀತಕ್ಕ ಹಂಡೆಯಲ್ಲಿ ನೀರು ಕಾಯಿಸಿ ಇಟ್ಟಿರುತ್ತಿದ್ದಳು. ಸ್ನಾನ ಮಾಡದೆ ಗಂಡನನ್ನು ಹೊಸ್ತಿಲು ದಾಟಲು ಬಿಟ್ಟವಳಲ್ಲ.

ಊರಿನವರು ಅವನನ್ನು ಬೈದವರಲ್ಲ, ಹೊಡೆದವರಲ್ಲ. ಒಳ್ಳೆಯ ಕೆಲಸಕ್ಕೆ ಹೊರಟಾಗ ಅವನು ಎದುರು ಬಂದರೆ, ಏನೋ ಮರೆತವರ ಹಾಗೆ ಒಮ್ಮೆ ಒಳಗೆ ಹೋಗಿ, ನೀರು ಕುಡಿದು ಹೊರಡುತ್ತಿದ್ದರು, ಅಷ್ಟೇ. ಮದುವೆಗೆ ಕರೆಯುತ್ತಿದ್ದರು. ಅವನು ತಾನಾಗಿಯೇ ಕೊನೆಯ ಪಂಕ್ತಿಗೆ ಕಾಯುತ್ತಿದ್ದ. ನಾನು ತೆಗೆದ ಮದುವೆ ಕ್ಯಾಸೆಟ್ಟುಗಳು ಸಾವಿರದ ಹತ್ತಿರ ಇರಬಹುದು. ಅವನನ್ನು ತೆಗೆಯಬೇಡ ಎಂದು ನನಗೆ ಯಾರೂ ಹೇಳಿದವರಲ್ಲ. ಅವನು ಕೂತ ಕಡೆ ಬಂದಾಗ ನಾನೇ ಕ್ಯಾಮೆರಾ ತಿರುಗಿಸಿಬಿಡುತ್ತಿದ್ದೆ. ಇದನ್ನು ಬರೆಯುವಾಗ ನಾಚಿಕೆಯಾಗುತ್ತಿದೆ, ಆದರೂ ಬರೆಯುತ್ತೇನೆ.

ಅವನ ಕೆಲಸಕ್ಕೆ ಒಂದು ಕ್ರಮವಿತ್ತು. ಅಪ್ಪನಿಂದ ಕಲಿತದ್ದು. ನೀರಿನೊಳಗೆ ಹೆಣದ ಮುಖ ನೋಡಬಾರದು. ನೋಡಿದರೆ ಅದು ಬಿಡುವುದಿಲ್ಲ, ಮುಂದಿನ ಸಲ ಜೊತೆಗೆ ಎಳೆದುಕೊಳ್ಳುತ್ತದೆ. ಆದ್ದರಿಂದ ಯಾವಾಗಲೂ ಹಿಂದಿನಿಂದ ಹೋಗಬೇಕು. ಕೂದಲು ಹಿಡಿಯಬೇಕು. ಮುಖ ಕೆಳಗೆ ಮಾಡಿ, ಒಂದೇ ಕೈಯಲ್ಲಿ ಈಜಿಕೊಂಡು ದಡಕ್ಕೆ ತರಬೇಕು. ನಡುವೆ ಬಾಯಿ ಬಿಡಬಾರದು, ತಿರುಗಿ ನೋಡಬಾರದು. ಅಪ್ಪ ಹೀಗೇ ಮಾಡಿದ, ಮಾರಪ್ಪನೂ ಹೀಗೇ ಮಾಡಿದ.

ಊರಿನಲ್ಲಿ ಅವನಿಗೆ ಪೂರ್ತಿ ಮರ್ಯಾದೆ ಕೊಟ್ಟವರು ಒಬ್ಬರೇ, ಅಮೀರ್ ಬೀ. ಪೇಟೆಯಲ್ಲಿ ಅವರದು ಬಳೆ ಅಂಗಡಿ. ಗಂಡ ಅಸಾದುಲ್ಲಾ ಸಾಬರು ಬೇಗ ತೀರಿಹೋದರು. ಎರಡು ಮಕ್ಕಳು: ದೊಡ್ಡವಳು ಫರಹತ್, ಚಿಕ್ಕವನು ಜಮೀರ್. ತೊಂಬತ್ತನಾಲ್ಕರ ಡಿಸೆಂಬರಿನಲ್ಲಿ, ಏಳು ವರ್ಷದ ಜಮೀರ್ ಹಿನ್ನೀರಿನಲ್ಲಿ ಬಿದ್ದ. ಅಣೆಕಟ್ಟು ಕಟ್ಟುವ ಮೊದಲಿನ ಹಳೇ ರಸ್ತೆ ನೀರಿನೊಳಗೆ ಇಳಿದುಹೋಗುವ ಜಾಗ ಅದು. ಮೇಲೆ ತಂದವನು ಮಾರಪ್ಪ. ಹುಡುಗ ಬದುಕಲಿಲ್ಲ. ಆದರೆ ಮಗನನ್ನು ಮೈ ತೊಳೆದು, ಬಿಳಿ ಬಟ್ಟೆ ಸುತ್ತಿ, ಅಪ್ಪನ ಪಕ್ಕದಲ್ಲೇ ಮಣ್ಣು ಮಾಡಲು ಆ ತಾಯಿಗೆ ಸಾಧ್ಯವಾಯಿತು. ಹಿನ್ನೀರಿನಲ್ಲಿ ಬಿದ್ದ ಎಷ್ಟೋ ಜನ ಸಿಕ್ಕಿಯೇ ಇಲ್ಲ. ಅಮೀರ್ ಬೀಗೆ ಅದು ಗೊತ್ತಿತ್ತು.

ಆವತ್ತಿನಿಂದ ಅವರು ಮಾರಪ್ಪನನ್ನು ಅಣ್ಣ ಎಂದು ಕರೆದರು. ಬರೀ ಬಾಯಿ ಮಾತಿಗೆ ಕರೆದದ್ದಲ್ಲ. ಪ್ರತಿ ರಂಜಾನಿಗೆ ಸುರ್‌ಕುಂಬದ ಪಾಯಸದ ಡಬ್ಬಿಯನ್ನು ಬೇರೆಯವರ ಕೈಯಲ್ಲಿ ಕಳಿಸದೆ ತಾವೇ ತೆಗೆದುಕೊಂಡು ಹೋಗುತ್ತಿದ್ದರು. ಅಂಗಡಿಗೆ ಬಂದರೆ ಒಳಗೆ ಕರೆದು ಸ್ಟೂಲು ಹಾಕುತ್ತಿದ್ದರು. ಬಳೆ ಹಾಕಿಸಿಕೊಳ್ಳಲು ಬಂದ ಹೆಂಗಸರು ಮುಖ ಮುಖ ನೋಡಿಕೊಂಡರೂ ಕ್ಯಾರೇ ಅನ್ನುತ್ತಿರಲಿಲ್ಲ. ಫರಹತ್ ಮದುವೆಯಲ್ಲಿ ಮಾರಪ್ಪನನ್ನು ಮೊದಲ ಪಂಕ್ತಿಗೆ ಕೂರಿಸಿ, ನನ್ನನ್ನು ಕರೆದು, ‘ಧರ್ಮೇಶ್, ಅಣ್ಣನ್ನ ತೆಗಿ. ಮುಖ ಸರಿಯಾಗಿ ಬರ್ಲಿ’ ಎಂದಿದ್ದರು. ನನ್ನ ಅಷ್ಟೂ ಕ್ಯಾಸೆಟ್ಟುಗಳಲ್ಲಿ ಮಾರಪ್ಪ ಇರುವುದು ಅದೊಂದರಲ್ಲೇ. ಅನ್ನದ ಮುಂದೆ ಕೈ ಮುದುಡಿಕೊಂಡು, ಕ್ಯಾಮೆರಾ ನೋಡಲಾಗದೆ ಕೂತಿದ್ದಾನೆ.

ಎರಡು ಸಾವಿರದ ಆರನೇ ಇಸವಿ ಜನವರಿಯಲ್ಲಿ ಕೊಪ್ಪದ ಹುಡುಗಿ ದಿವ್ಯ ನನ್ನ ಸ್ಟುಡಿಯೋಗೆ ಬಂದಳು. ಉತ್ತರದ ಕಡೆ ಎಲ್ಲೋ ಸಿನಿಮಾ ಓದುತ್ತಿದ್ದಳು. ಓದು ಮುಗಿಸಲು ಒಂದು ಚಿಕ್ಕ ಸಿನಿಮಾ ತೆಗೆದು ತೋರಿಸಬೇಕಂತೆ. ಕ್ಯಾಮೆರಾ ಅವಳದೇ ಇತ್ತು. ಮೈಕ್ ಹಿಡಿಯಲು, ಬೆಳಕು ನೋಡಿಕೊಳ್ಳಲು ಒಬ್ಬ ಜನ ಬೇಕಿತ್ತು. ‘ಹೀರೋ ಅಂದ್ರೆ ಯಾರು ಅಂತ ಕೇಳೋ ಸಿನಿಮಾ ಅಣ್ಣ. ಇದ್ರಲ್ಲಿ ಹೀರೋಗೆ ಮುಖ ಇಲ್ಲ, ಮಾತೂ ಇಲ್ಲ’ ಎಂದಳು. ನನಗೆ ತಲೆಬುಡ ಅರ್ಥವಾಗಲಿಲ್ಲ. ಆದರೆ ಹುಡುಗಿ ಮಾತಾಡುವಾಗ ಅವಳ ಕಣ್ಣಲ್ಲಿ ಸುಳ್ಳಿರಲಿಲ್ಲ, ಅದನ್ನು ಇವತ್ತಿಗೂ ಹೇಳುತ್ತೇನೆ. ಮಾರಪ್ಪನ ಹೆಸರು ಹೇಳಿದವನೂ ನಾನೇ.

ಮಾರಪ್ಪ ಜಗಲಿಯಲ್ಲಿ ಕೂತು ಎಲೆಗೆ ಸುಣ್ಣ ಹಚ್ಚುತ್ತಾ ಎಲ್ಲ ಕೇಳಿಸಿಕೊಂಡ.

‘ಕತೆ ಎಂತ?’ ಎಂದ.

‘ಕತೆ ಇಲ್ಲ.’

‘ಹಾಡು?’

‘ಇಲ್ಲ.’

‘ಮಾತಾದ್ರೂ ಇದ್ಯಾ?’

‘ಮಾತೂ ಇಲ್ಲ. ನೀರಿನ ಸದ್ದು ಮಾತ್ರ.’

‘ಹಂಗಾದ್ರೆ ನಾನು ಸಾಕು ಬಿಡು ಮಾರಾಯ್ತಿ’ ಎಂದು ನಕ್ಕ. ಸೀತಕ್ಕ ಒಳಗಿನಿಂದಲೇ, ‘ಬಣ್ಣ ಹಚ್ತಾರಾ?’ ಎಂದು ಕೇಳಿದಳು.

ಹಳೇ ರಸ್ತೆ ನೀರಿಗೆ ಇಳಿಯುವ ಜಾಗದಲ್ಲೇ ದಿವ್ಯ ಒಂದು ಮರದ ಕುರ್ಚಿ ಹಾಕಿಸಿದಳು. ಮೊಣಕಾಲುದ್ದ ನೀರು. ಮಾರಪ್ಪ ಅದರ ಮೇಲೆ ಕೂರಬೇಕು. ಕ್ಯಾಮೆರಾ ಅವನ ಕುತ್ತಿಗೆ, ಗದ್ದ, ತುಟಿ ಇಷ್ಟನ್ನೇ ತೆಗೆಯುತ್ತದೆ. ಅವನು ಸುಮ್ಮನೆ ಮಾತಾಡುತ್ತಿರಬೇಕು. ನೋಡುವವರಿಗೆ ತುಟಿ ಅಲುಗುವುದು ಕಾಣುತ್ತದೆ, ಕೇಳುವುದು ನೀರು. ‘ಏನು ಬೇಕಾದ್ರೂ ಮಾತಾಡಿ, ಯಾರಿಗೂ ಕೇಳ್ಸಲ್ಲ’ ಎಂದಳು ದಿವ್ಯ. ನಾನು ಉದ್ದ ಕೋಲಿಗೆ ಮೈಕ್ ಕಟ್ಟಿ, ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಪಕ್ಕದಲ್ಲಿ ನಿಂತೆ.

‘ಅದು ಎಂತಕೆ?’ ಎಂದು ಮಾರಪ್ಪ ಮೈಕ್ ತೋರಿಸಿ ಕೇಳಿದ.

‘ನೀರಿನ ಸದ್ದಿಗೆ ಮಾರಪ್ಪಣ್ಣ.’

ಅವತ್ತಿನ ಮಟ್ಟಿಗೆ ಅದು ನಿಜವೇ ಆಗಿತ್ತು.

ಮೊದಲ ದಿನ ಮೀನುಗಳ ಹೆಸರು ಹೇಳಿದ. ಎರಡನೇ ದಿನ ನೀರಿನ ಕೆಳಗೆ ಹೋದ ಊರುಗಳ ಹೆಸರು, ಯಾರ ಮನೆ ಎಲ್ಲಿತ್ತು, ಯಾವ ಮಾವಿನ ಮರದ ಹಣ್ಣು ಹುಳಿ ಎಂದೆಲ್ಲ ಹೇಳಿದ. ನನಗೆ ಆಕಳಿಕೆ ಬರುತ್ತಿತ್ತು. ಮೂರನೇ ದಿನ ಬೆಳಿಗ್ಗೆ ಕುರ್ಚಿಯಲ್ಲಿ ಕೂತವನು ಬಹಳ ಹೊತ್ತು ಸುಮ್ಮನಿದ್ದ. ದಿವ್ಯ ಇಪ್ಪತ್ತು ಅಡಿ ದೂರದಿಂದ ಕೈಸನ್ನೆ ಮಾಡಿದಳು, ಮಾತಾಡಿ ಎಂದು. ಅವನು ನೀರು ನೋಡಿಕೊಂಡು ಶುರು ಮಾಡಿದ.

‘ಅಮೀರ್ ಬೀ ಮಗಂದು ಹೇಳ್ತಿನಿ. ಇದ್ರಲ್ಲಿ ಮಾತಿಲ್ಲ ಅಂದ್ರಲ್ಲ, ಅದಕೇ ಹೇಳ್ತಿನಿ. ನನ್ನ ಎಲ್ಲಾರೂ ಕರೆಯದು ಮುಗುದ್ ಮೇಲೆ. ಒಂದು ದಿನ, ಎರಡು ದಿನ ಆದ್ ಮೇಲೆ. ಅವತ್ತು ಒಂದೇ ದಿನ ಬೇಗ ಕರೆದ್ರು. ನಾನು ಇಲ್ಲೇ ಬಲೆ ಬಿಡಿಸ್ತಾ ಇದ್ದೆ. ಹಾರಿದೆ. ಕೈಗೆ ಕೂದ್ಲು ಸಿಕ್ತು. ಯಾವತ್ತಿನಂಗೆ ಹಿಂದಿಂದ ಹಿಡ್ದೆ, ಮುಖ ಕೆಳಗೆ ಮಾಡ್ದೆ, ಎಳ್ಕಂಡು ಹೊರಟೆ. ಕೈಗೆ ಅದೇ ಅಭ್ಯಾಸ. ದಾರೀಲಿ ಕುತ್ತಿಗೆ ಅಲುಗ್ತು. ನೀರು ಎಳೀತಾ ಇದೆ ಅಂದ್ಕಂಡೆ. ಇನ್ನೊಂದ್ಸಲ ಅಲುಗ್ತು. ಅಪ್ಪ ಹೇಳಿದ್ದು ನೆನಪಾತು, ಹೆದ್ರಿಕೆ ಆತು. ಇನ್ನೂ ಗಟ್ಟಿ ಹಿಡ್ದೆ. ದಡಕ್ಕೆ ಹಾಕಿ ತಿರುಗ್ಸಿದ್ರೆ ಮೈ ಬೆಚ್ಚಗಿತ್ತು. ಡಾಕ್ಟರು ಒತ್ತಿ ಒತ್ತಿ ನೋಡಿದ್ರು. ಈಗ ಹೋದದ್ದು ಅಂದ್ರು, ಮೆಲ್ಲಗೆ. ನಂಗೊಬ್ನಿಗೇ ಕೇಳ್ಸಿದ್ದು. ಜೀವ ಇತ್ತು ಅವಂಗೆ. ಮುಖ ನೋಡಿದ್ರೆ ಗೊತ್ತಾಗ್ತಿತ್ತು. ಜೀವ ಇದ್ದವನ್ನ ನಾನು ಹೆಣ ತಂದಂಗೆ ತಂದೆ. ಅವಳು ನನ್ನ ಅಣ್ಣ ಅಂತಾಳೆ. ಅವಳು ತಂದದ್ದು ಉಣ್ಣಬೇಕಾದ್ರೆ ಗಂಟಲಲ್ಲಿ ಇಳಿಯಲ್ಲ. ಬೇಡ ಅನ್ನಕೂ ಆಗಲ್ಲ.’

ನನ್ನ ಕಿವಿಗೆ ಪ್ರತಿಯೊಂದು ಮಾತೂ ಬಿದ್ದಿತು. ಕೋಲು ಬಗ್ಗಿದ್ದು ಗೊತ್ತಾಗದೆ ಮೈಕ್ ನೀರಿಗೆ ತಾಗಿತು. ದಿವ್ಯಳಿಗೆ ಏನೂ ಕೇಳಿಸಿರಲಿಲ್ಲ. ‘ಚೆನ್ನಾಗಿ ಬಂತು ಮಾರಪ್ಪಣ್ಣ’ ಎಂದು ಅಲ್ಲಿಂದಲೇ ಕೂಗಿದಳು.

ಮಾರಪ್ಪ ಎದ್ದು ಬಂದು, ಕಾಲು ಒರೆಸಿಕೊಂಡು, ಭವ್ಯ ಕಟ್ಟಿ ಕೊಟ್ಟಿದ್ದ ಅವಲಕ್ಕಿ ತಿಂದ. ಇನ್ನೊಂದು ಸ್ವಲ್ಪ ಕೇಳಿ ಹಾಕಿಸಿಕೊಂಡ. ಅಷ್ಟು ಹಗುರಾಗಿ ಅವನು ಕೂತದ್ದನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ. ಹನ್ನೊಂದು ವರ್ಷ ಹೊತ್ತುಕೊಂಡು ತಿರುಗಿದ್ದನ್ನು ಯಾರಿಗೂ ಕೇಳದ ಹಾಗೆ ಹೇಳಿ ಮುಗಿಸಿದೆ ಎಂದುಕೊಂಡಿದ್ದ. ಅಮೀರ್ ಬೀಗೆ ಗೊತ್ತಾಗದಿದ್ದರೆ ಸಾಕು, ಅವನಿಗೆ ಬೇರೆ ಏನೂ ಬೇಕಿರಲಿಲ್ಲ. ನಾನು ಟೇಪು ಹೊರತೆಗೆದು ಡಬ್ಬಿಯ ಮೇಲೆ ‘ನೀರಿನ ಸದ್ದು, ಮೂರು’ ಎಂದು ಬರೆದೆ. ಅದನ್ನು ಅಲ್ಲೇ ಅಳಿಸಿಬಿಡಬಹುದಿತ್ತು. ಗುಂಡಿ ಒತ್ತುವಷ್ಟೇ ಕೆಲಸ. ಒತ್ತಲಿಲ್ಲ. ಬೇರೆಯವರ ಟೇಪು ಅಳಿಸಬಾರದು ಎಂದು ನನಗೆ ನಾನೇ ಹೇಳಿಕೊಂಡೆ, ದೊಡ್ಡ ಧರ್ಮರಾಯ.

ಮೂರು ತಿಂಗಳ ನಂತರ ದಿವ್ಯಳ ಫೋನ್ ಬಂತು. ‘ಅಣ್ಣ, ಮೂರನೇ ಟೇಪು ಕೇಳಿದೆ. ನಿಮಗೆ ಗೊತ್ತಿತ್ತಾ?’ ಎಂದಳು. ದನಿ ಒಡೆದಿತ್ತು. ತುಂಬ ಅತ್ತಿದ್ದಳು ಎಂದು ಕಾಣುತ್ತದೆ. ಆಮೇಲೆ ಹೇಳಿದಳು, ‘ನಂಗೆ ಇದನ್ನ ಬಿಡಕ್ಕೆ ಆಗಲ್ಲ ಅಣ್ಣ. ನಾನು ಕೇಳಬೇಕು ಅಂತಿದ್ದ ಪ್ರಶ್ನೆಗೆ ಇದೇ ಉತ್ತರ. ಮಾತು ಇಟ್ಕೋತಿನಿ.’

‘ಅವನನ್ನ ಕೇಳು ಮತ್ತೆ’ ಎಂದೆ.

‘ಕೇಳಿದ್ರೆ ಬೇಡ ಅಂತಾರೆ.’

ಆಗ ಅಂಗಡಿಯಲ್ಲಿ ಪಾಸ್‌ಪೋರ್ಟ್ ಫೋಟೋಗೆ ನಾಲ್ಕು ಜನ ಕಾಯುತ್ತಿದ್ದರು. ‘ಊರ ಕಡೆ ತರಬೇಡ. ಆ ಕಡೆ ಎಲ್ಲಾದ್ರೂ ತೋರ್ಸ್ಕೊ’ ಎಂದು ಫೋನ್ ಇಟ್ಟೆ. ತರುವುದಿಲ್ಲ ಎಂದು ಅವಳು ಆಣೆ ಮಾಡಿದಳು. ಕೆಲವು ದಿನಗಳ ಮೇಲೆ ಒಂದು ಸಿಡಿ ಕಳಿಸಿದಳು. ಬಾಗಿಲು ಹಾಕಿಕೊಂಡು ಒಮ್ಮೆ ನೋಡಿದೆ. ಒಂಬತ್ತನೇ ನಿಮಿಷದವರೆಗೆ ಮೀನಿನ ಹೆಸರು, ಊರಿನ ಹೆಸರು. ಆಮೇಲೆ ಅದು. ಸಿನಿಮಾ ಚೆನ್ನಾಗಿತ್ತು. ಹಾಳಾಗಿದ್ದರೆ ನಾನು ಎಷ್ಟೋ ಸುಖವಾಗಿ ಇರುತ್ತಿದ್ದೆ.

ವರ್ಷದ ಕೊನೆಗೆ ಆ ಸಿನಿಮಾಕ್ಕೆ ಎಲ್ಲೋ ಒಂದು ಬಹುಮಾನ ಬಂತು. ಪತ್ರಿಕೆಯ ಜಿಲ್ಲಾ ಪುಟದಲ್ಲಿ ನಾಲ್ಕು ಸಾಲು ಸುದ್ದಿ. ನಮ್ಮೂರಿನ ಯುವಕ ಸಂಘದವರು ಕೂಡಲೇ ಎದ್ದು ಕೂತರು. ಇಷ್ಟು ವರ್ಷ ಕೊನೆಯ ಪಂಕ್ತಿಯಲ್ಲಿ ಉಂಡವನಿಗೆ ಈಗ ಸನ್ಮಾನವಂತೆ. ದಿವ್ಯ ಊರಲ್ಲಿರಲಿಲ್ಲ. ಕೊಪ್ಪದಲ್ಲಿದ್ದ ಅವಳ ಅಪ್ಪ, ಮಗಳ ಹೆಸರು ಬರುತ್ತದೆ ಎಂಬ ಖುಷಿಯಲ್ಲಿ ಸಿಡಿಯನ್ನು ತಾನೇ ತಂದು ಸಂಘದವರ ಕೈಗೆ ಕೊಟ್ಟಿದ್ದ. ಆ ಮನುಷ್ಯನಿಗೆ ಯಾವ ಆಣೆಯೂ ಗೊತ್ತಿರಲಿಲ್ಲ. ಸಿನಿಮಾ ತೋರಿಸುವ ಜವಾಬ್ದಾರಿ ನನ್ನದು, ಶಾಲು ಹೊದಿಸುವವರು ಅಮೀರ್ ಬೀ ಎಂದು ತೀರ್ಮಾನವಾಯಿತು. ಇದಕ್ಕಿಂತ ಸರಿಯಾದ ಜನ ಯಾರಿದ್ದಾರೆ ಎಂದರು ಅಧ್ಯಕ್ಷರು.

ಮಾರಪ್ಪನಿಗೆ ಮುಂಚೆಯೇ ಹೇಳಿಬಿಡೋಣ ಎಂದು ಎರಡು ಸಲ ಅವನ ಮನೆಗೆ ಹೋದೆ. ಮೊದಲ ಸಲ ಅವನು ಸೀತಕ್ಕನಿಗೆ, ‘ಅದ್ರಲ್ಲಿ ಮಾತಿಲ್ಲ ಕಣೆ, ಬರೀ ನೀರು. ನೀನು ನಿದ್ದೆ ಹೊಡಿಬೇಡ’ ಎಂದು ತಮಾಷೆ ಮಾಡುತ್ತಿದ್ದ. ಎರಡನೇ ಸಲ ಸೀತಕ್ಕ ಅವನ ಬಿಳಿ ಅಂಗಿಗೆ ಗಂಜಿ ಹಾಕಿ ಬಿಸಿಲಿಗೆ ಹರವುತ್ತಿದ್ದಳು. ಕಾಫಿ ಕುಡಿದು ವಾಪಸ್ ಬಂದೆ. ಬರುವಾಗ ದಾರಿಯಲ್ಲಿ ಒಂದು ಉಪಾಯ ಹೊಳೆಯಿತು. ಸೌಂಡ್ ವಯರು ಕಿತ್ತಿಟ್ಟರೆ ಆಯಿತು. ಮಾತಿಲ್ಲದ ಸಿನಿಮಾ ಎಂದು ತಾನೇ ಎಲ್ಲರೂ ತಿಳಿದಿರುವುದು? ಅಷ್ಟು ಬುದ್ಧಿವಂತ ನಾನು.

ಎರಡು ಸಾವಿರದ ಏಳರ ಫೆಬ್ರವರಿ, ಒಂದು ಭಾನುವಾರ ಮಧ್ಯಾಹ್ನ. ಸಭಾಭವನದ ಕಿಟಕಿಗಳಿಗೆ ಕಪ್ಪು ಬಟ್ಟೆ ಹೊಡೆದಿದ್ದರು. ಇನ್ನೂರು ಜನ. ಮಾರಪ್ಪನನ್ನು ವೇದಿಕೆಯ ಮೇಲೆ, ಪರದೆಯ ಪಕ್ಕದಲ್ಲೇ ಕುರ್ಚಿಯಲ್ಲಿ ಕೂರಿಸಿದ್ದರು. ಅಮೀರ್ ಬೀ ಮೊದಲ ಸಾಲಿನಲ್ಲಿ ಸೀತಕ್ಕನ ಪಕ್ಕ ಕೂತಿದ್ದರು. ನಾನು ಸಿನಿಮಾ ಹಾಕಿದೆ. ಪರದೆಯ ಮೇಲೆ ಮಾರಪ್ಪನ ಗದ್ದ, ತುಟಿ, ಹಿಂದೆ ನೀರು. ತುಟಿ ಅಲುಗುತ್ತಿತ್ತು. ಸದ್ದಿಲ್ಲ.

ಎರಡು ನಿಮಿಷ ಜನ ಸುಮ್ಮನಿದ್ದರು. ಆಮೇಲೆ ಹಿಂದಿನಿಂದ ಒಬ್ಬ ಸೀಟಿ ಹೊಡೆದ. ‘ಸೌಂಡ್’ ಎಂದು ಒಬ್ಬ ಕೂಗಿದ, ನಾಲ್ಕು ಜನ ಕೂಗಿದರು. ‘ಬಹುಮಾನ ಬಂದ ಸಿನಿಮಾ ಹಾಕಕ್ಕೂ ಬರಲ್ಲ, ಮದುವೆ ವಿಡಿಯೋನೇ ಸರಿ ಇವಂಗೆ’ ಎಂದು ಯಾರೋ ಅಂದರು, ಸಭೆ ನಕ್ಕಿತು. ಅಷ್ಟರಲ್ಲಿ ಅಮೀರ್ ಬೀ ನನ್ನ ಕಡೆ ತಿರುಗಿ, ‘ಧರ್ಮೇಶ್, ಅಣ್ಣ ಎಂತದೋ ಮಾತಾಡ್ತಾ ಇದ್ದಾನೆ. ಕೇಳ್ಸೋ ಹಂಗೆ ಮಾಡಪ್ಪ’ ಎಂದರು.

ಸತ್ಯ ಹೇಳುತ್ತೇನೆ. ಅವರು ಕೇಳಿದ್ದಕ್ಕಿಂತ ಹೆಚ್ಚಾಗಿ ಆ ನಗು ನನಗೆ ನಾಟಿತ್ತು. ಇನ್ನೂರು ಜನರ ಮುಂದೆ ಕೆಲಸ ಗೊತ್ತಿಲ್ಲದವನು ಅನ್ನಿಸಿಕೊಳ್ಳಲು ನನಗೆ ಆಗಲಿಲ್ಲ. ಒಂಬತ್ತನೇ ನಿಮಿಷಕ್ಕೆ ಇನ್ನೂ ಹೊತ್ತಿದೆ, ಐದು ನಿಮಿಷ ಸದ್ದು ಕೊಟ್ಟು ಆಮೇಲೆ ಮತ್ತೆ ಕಿತ್ತರಾಯಿತು ಎಂದುಕೊಂಡು ವಯರು ಸಿಕ್ಕಿಸಿದೆ. ನಾನು ನೋಡಿದ್ದು ಹಳೆಯ ಪ್ರತಿ. ಬಹುಮಾನಕ್ಕೆ ಕಳಿಸುವಾಗ ದಿವ್ಯ ಅದನ್ನು ಕತ್ತರಿಸಿ ಮತ್ತೆ ಜೋಡಿಸಿದ್ದಳು. ಮೀನಿನ ಹೆಸರುಗಳನ್ನೆಲ್ಲ ಕೊನೆಗೆ ಹಾಕಿದ್ದಳು.

‘ಅಮೀರ್ ಬೀ ಮಗಂದು ಹೇಳ್ತಿನಿ’ ಎಂದಿತು ಮಾರಪ್ಪನ ದನಿ, ಭವನದ ನಾಲ್ಕು ಮೂಲೆಯ ಸ್ಪೀಕರಿನಿಂದ.

ಅಮೀರ್ ಬೀ ಸಂತೋಷದಿಂದ ಸೀತಕ್ಕನ ಕೈ ಹಿಡಿದುಕೊಂಡರು. ತಮ್ಮ ಮಗನ ವಿಷಯ ಸಿನಿಮಾದಲ್ಲಿ ಬರುತ್ತಿದೆ ಎಂದು. ನಾನು ವಯರಿಗೆ ಕೈ ಹಾಕಿದೆ. ಅಧ್ಯಕ್ಷರು ಪಕ್ಕದಿಂದ ನನ್ನ ಮಣಿಕಟ್ಟು ಹಿಡಿದು, ‘ಮುಟ್ಟಬೇಡ ಮಾರಾಯ, ಈಗ ಸರಿಯಾಗಿದೆ’ ಎಂದು ಪಿಸುಗುಟ್ಟಿದರು. ಕೈ ಕಿತ್ತುಕೊಳ್ಳಬಹುದಿತ್ತು. ಕಿತ್ತುಕೊಳ್ಳುವಷ್ಟರಲ್ಲಿ ಕುತ್ತಿಗೆ ಅಲುಗಿದ್ದೂ ಹೇಳಿಯಾಗಿತ್ತು, ಬೆಚ್ಚಗಿದ್ದ ಮೈಯನ್ನೂ ಹೇಳಿಯಾಗಿತ್ತು. ಆಮೇಲೆ ಕಿತ್ತು ಏನು ಮಾಡುವುದು?

ವೇದಿಕೆಯ ಮೇಲೆ ಮಾರಪ್ಪ ಪರದೆಯನ್ನು ನೋಡಲಿಲ್ಲ. ನನ್ನನ್ನು ನೋಡುತ್ತಿದ್ದ. ಬೆಳಕು ಕಡಿಮೆ ಇದ್ದರೂ ನನಗೆ ಕಾಣುತ್ತಿತ್ತು.

ಸಿನಿಮಾ ಮುಗಿಯಿತು. ಲೈಟು ಹಾಕಿದರು. ಮುಂದಿನ ಸಾಲಿನವರಿಗೆ ಎಲ್ಲ ಕೇಳಿಸಿತ್ತು. ಹಿಂದಿನವರಿಗೆ ಸ್ಪೀಕರಿನ ಗುಂಯ್ ಸದ್ದಿನಲ್ಲಿ ಅರ್ಧಂಬರ್ಧ ಕೇಳಿಸಿರಬೇಕು. ನಿರೂಪಣೆ ಮಾಡುತ್ತಿದ್ದ ಹೆಣ್ಣುಮಗಳಿಗೆ ಏನು ಮಾಡಬೇಕೆಂದು ತೋಚದೆ, ಕೈಯಲ್ಲಿದ್ದ ಚೀಟಿಯಲ್ಲಿ ಇದ್ದುದನ್ನೇ ಓದಿದಳು: ಈಗ ಶ್ರೀಮತಿ ಅಮೀರ್ ಬೀ ಅವರಿಂದ ಸನ್ಮಾನ.

ಅಮೀರ್ ಬೀ ಎದ್ದರು. ಸೀತಕ್ಕ ಸೆರಗು ಬಾಯಿಗೆ ಒತ್ತಿಕೊಂಡಿದ್ದಳು. ಮೆಟ್ಟಿಲು ಹತ್ತುವಾಗ ಕೈ ಕೊಡಲು ಹೋದವರನ್ನು ಅಮೀರ್ ಬೀ ಬೇಡ ಎಂದರು. ತಟ್ಟೆಯಿಂದ ಶಾಲು ತೆಗೆದುಕೊಂಡು ಮಾರಪ್ಪನ ಎದುರು ನಿಂತರು. ಮಾರಪ್ಪ ಎದ್ದು ನಿಂತಿದ್ದ. ನಾನು ವೇದಿಕೆಯ ಪಕ್ಕದಲ್ಲೇ ಇದ್ದೆನಾದ್ದರಿಂದ ಅವರ ಮಾತು ನನಗೆ ಕೇಳಿಸಿತು.

‘ನನ್ನ ಮಗ ಕುತ್ತಿಗೆ ಯಾವ ಕಡೆ ತಿರುಗ್ಸಿದ ಅಣ್ಣ?’ ಎಂದು ಕೇಳಿದರು.

ಸುಳ್ಳು ಹೇಳಬಹುದಿತ್ತು. ಗೊತ್ತಿಲ್ಲ ಅಂದರೂ ಮುಗಿಯುತ್ತಿತ್ತು. ಆ ಮನುಷ್ಯನಿಗೆ ಅದು ಬರುತ್ತಿರಲಿಲ್ಲ.

‘ಮೇಲಕ್ಕೆ’ ಎಂದ. ‘ನನ್ನ ಕಡೆಗೆ.’

ಅಮೀರ್ ಬೀ ಶಾಲಿನ ಮಡಿಕೆ ಬಿಡಿಸಿದರು. ಆಮೇಲೆ ಅದನ್ನು ಅವನ ಹೆಗಲಿಗೆ ಹಾಕಿ, ಎರಡೂ ಕಡೆ ಸಮ ಮಾಡಿ, ಇಳಿದು ಬಂದರು. ಹಿಂದಿನ ಸಾಲಿನವರು ಜೋರಾಗಿ ಚಪ್ಪಾಳೆ ತಟ್ಟಿದರು.

ಅವರು ತಮ್ಮ ಜಾಗಕ್ಕೆ ಹೋಗದೆ ಹೊರಗೆ ನಡೆದರು. ನಾನು ಹಿಂದೆಯೇ ಓಡಿದೆ. ಬಾಗಿಲ ಹತ್ತಿರದ ಚಪ್ಪಲಿ ರಾಶಿಯಲ್ಲಿ ತಮ್ಮ ಚಪ್ಪಲಿ ಹುಡುಕುತ್ತಿದ್ದರು, ಕಣ್ಣೆದುರೇ ಇದ್ದರೂ ಕಾಣುತ್ತಿರಲಿಲ್ಲ. ಎತ್ತಿ ಕಾಲ ಬಳಿ ಇಟ್ಟೆ. ‘ತಪ್ಪು ನಂದು ಅಕ್ಕ’ ಎಂದೆ. ನನ್ನ ಮಾತು ಅವರಿಗೆ ತಲುಪಿದ ಹಾಗೆ ಕಾಣಲಿಲ್ಲ.

‘ಜಮೀರ್ ಹೆದರೋ ಮೊದ್ಲೇ ಜೀವ ಹೋಗಿತ್ತು ಅಂತ ನಂಬ್ಕಂಡಿದ್ದೆ ಧರ್ಮೇಶ್’ ಎಂದರು. ‘ಅದೊಂದು ನಂಬ್ಕಂಡು ಹನ್ನೆರಡು ವರ್ಷ ಊಟ ಮಾಡಿದೆ, ನಿದ್ದೆ ಮಾಡಿದೆ. ಈಗ ನೋಡಿದ್ರೆ ಅವನು ಯಾರು ಬಂದ್ರು ಅಂತ ತಿರುಗಿ ನೋಡಕ್ಕೆ ಹೋಗಿದಾನೆ. ಇನ್ನು ನಾನು ಹೆಂಗೆ ಮಲಗ್ಲಿ?’

ಅಳಲಿಲ್ಲ. ಚಪ್ಪಲಿ ಮೆಟ್ಟಿಕೊಂಡರು. ನಂತರ ಪೇಟೆಯ ಕಡೆ ಬಿಸಿಲಿನಲ್ಲಿ ನಡೆದುಹೋದರು.

ನಾನು ಒಳಗೆ ಬಂದಾಗ ಜನ ಕರಗಿದ್ದರು. ಮಾರಪ್ಪ ಅದೇ ಕುರ್ಚಿಯಲ್ಲಿ ಹಾರ, ಪೇಟ, ಶಾಲು ಎಲ್ಲ ಹಾಕಿಕೊಂಡೇ ಕೂತಿದ್ದ. ‘ಮಾತಿಲ್ಲ ಅಂದಿದ್ರಲ್ಲ’ ಎಂದ. ಬೈಗುಳವಲ್ಲ ಅದು. ಆ ಮಾತನ್ನು ಅವನು ಮತ್ತೆಂದೂ ಎತ್ತಲಿಲ್ಲ. ನಾನು ವಯರು ಸುತ್ತಲು ಶುರು ಮಾಡಿದೆ. ಆಮೇಲೆ ಕೇಳಿದ:

‘ಅವಳ ಹಿಂದೆ ಹೋದ್ಯಲ್ಲ. ಎಂತ ಅಂದ್ಲು?’

ಅವರು ಅಂದದ್ದನ್ನು ಅವನಿಗೆ ಹೇಳಲು ನನ್ನಿಂದ ಆಗಲಿಲ್ಲ. ‘ಮಾರಪ್ಪಣ್ಣ ಇಲ್ದಿದ್ರೆ ನನ್ನ ಮಗ ನೀರಲ್ಲೇ ಉಳೀತಿದ್ದ, ಅಣ್ಣನ ಮೇಲೆ ನಂಗೆ ಬೇಜಾರಿಲ್ಲ ಅಂದ್ರು’ ಎಂದೆ. ಹೇಗೆ ಬಾಯಿಗೆ ಬಂತೋ ಗೊತ್ತಿಲ್ಲ. ಅವನು ಬಹಳ ಹೊತ್ತು ನನ್ನನ್ನೇ ನೋಡಿದ. ಪೇಟ ತೆಗೆದು ತೊಡೆಯ ಮೇಲೆ ಇಟ್ಟುಕೊಂಡ.

ಅವನು ಮತ್ತೆ ಆ ಕೆಲಸಕ್ಕೆ ನೀರಿಗೆ ಇಳಿಯಲಿಲ್ಲ. ಒಮ್ಮೆ ಜೀಪು ಬಂದಿತ್ತು. ‘ಬೇರೆಯವರ್ನ ಕರೀರಿ. ಬೇಗ ಕರೀರಿ’ ಎಂದು ಕಳಿಸಿದನಂತೆ. ಆ ವರ್ಷದ ರಂಜಾನಿಗೆ ಅಮೀರ್ ಬೀ ಅವನ ಮನೆಗೆ ಹೋಗಲಿಲ್ಲ. ಅವರು ದ್ವೇಷದಿಂದ ಬಿಟ್ಟರು ಎಂದು ನಾನು ಹೇಳಲಾರೆ. ಅಂಗಡಿಯನ್ನೂ ಅವರು ಸರಿಯಾಗಿ ತೆಗೆಯುತ್ತಿರಲಿಲ್ಲ, ಕಣ್ಣ ಕೆಳಗೆ ಕಪ್ಪಾಗಿತ್ತು. ಕೊನೆಗೆ ಫರಹತ್ ಬಂದು ಅವರನ್ನು ತನ್ನ ಮನೆಗೆ ಕರೆದುಕೊಂಡು ಹೋದಳು. ದಿವ್ಯ ಸುದ್ದಿ ಕೇಳಿ ಫೋನ್ ಮಾಡಿದಳು, ಎರಡು ಮಾತಿಗೇ ಇಟ್ಟೆವು.

ಮಾರಪ್ಪ ಮಾತ್ರ ವಾರಕ್ಕೊಂದು ಸಲ ನನ್ನ ಸ್ಟುಡಿಯೋದ ಮೆಟ್ಟಿಲು ಹತ್ತಿ ಬರುತ್ತಿದ್ದ. ಮೊದಲು ಮಳೆ, ಮೀನು ಎಂದು ಏನೇನೋ ಮಾತು. ಗಿರಾಕಿಗಳು ಹೋದ ಮೇಲೆ ಕೇಳುತ್ತಿದ್ದ: ‘ಅವತ್ತು ಅವಳು ಎಂತ ಅಂದ್ಲು, ಇನ್ನೊಂದ್ಸಲ ಹೇಳು ಮಾರಾಯ.’ ನಾನು ಹೇಳುತ್ತಿದ್ದೆ. ಎರಡು ವರ್ಷ ಹೇಳಿದೆ. ಮೊದಮೊದಲು ಹೇಳುವಾಗ ನಾಲಿಗೆ ತಡವರಿಸುತ್ತಿತ್ತು. ಆಮೇಲೆ ರೂಢಿಯಾಯಿತು. ಅವನು ಅದನ್ನು ನಂಬಿದ್ದನೋ, ಸುಳ್ಳು ಎಂದು ಗೊತ್ತಿದ್ದೂ ಕೇಳಲು ಬರುತ್ತಿದ್ದನೋ, ನನಗೆ ಇಂದಿಗೂ ತಿಳಿಯದು.

ಎರಡು ಸಾವಿರದ ಒಂಬತ್ತರ ಮಳೆಗಾಲದಲ್ಲಿ ಅವನ ಎದೆ ಕಟ್ಟಿ, ಶಿವಮೊಗ್ಗದ ಆಸ್ಪತ್ರೆಗೆ ಸೇರಿಸಿದರು. ನಾನು ನೋಡಲು ಹೋದಾಗ ಸೀತಕ್ಕ ಮಂಚದ ಕಾಲ ಬಳಿ ಕೂತಿದ್ದಳು. ಅವನಿಗೆ ಉಸಿರು ಎಳೆದುಕೊಳ್ಳುವುದೇ ಕಷ್ಟವಾಗಿತ್ತು. ನನ್ನನ್ನು ಕಂಡು ಹತ್ತಿರ ಬಾ ಎಂದು ಬೆರಳು ಆಡಿಸಿದ. ಬಗ್ಗಿದೆ. ಏನು ಕೇಳುತ್ತಾನೆ ಎಂದು ನನಗೆ ಗೊತ್ತಿತ್ತು, ಅವನಿಗೆ ಪೂರ್ತಿ ಕೇಳಲಾಗಲಿಲ್ಲ, ‘ಅವತ್ತು ಅವಳು...’ ಎಂದಷ್ಟೇ ಅಂದ.

ಹೇಳಿದೆ. ಮೊದಲ ದಿನ ಹೇಳಿದ ಹಾಗೆಯೇ, ಒಂದು ಮಾತೂ ಹೆಚ್ಚುಕಡಿಮೆ ಆಗದ ಹಾಗೆ.

‘ಹಂಗಂದ್ಲಾ’ ಎಂದ.

ಹೌದು ಎಂದೆ.